ಯಮನೂರಪ್ಪನ ಕೈ ಮತ್ತು ನಾಲ್ಕು ಅಂಕಿ

ಕುಷ್ಟಗಿಯ ಯಮನೂರಪ್ಪ ಪೀಣ್ಯದಲ್ಲಿ ಇಪ್ಪತ್ತೆರಡು ವರ್ಷ ವೆಲ್ಡಿಂಗ್ ಮಾಡಿದ. ಬೆಸುಗೆ ಹಾಕುವ ಟಾರ್ಚು ಎಷ್ಟು ವಾಲಬೇಕೆಂದು ಅವನ ಕೈಗೆ ಗೊತ್ತಿತ್ತು. ಈಗ ಆ ಕೆಲಸ ರೋಬೋಟಿನದು, ಅದನ್ನು ಕಾಯುವುದು ಇವನದು. ಅದೇನು ದನವೇ, ಕಾಯುವುದಕ್ಕೆ!

ಒಂದು ಬೆಳಿಗ್ಗೆ ಬೆಸುಗೆ ಸರಿಯಾಗಿ ಕೂರಲಿಲ್ಲ. ಟಾರ್ಚಿನ ವಾಲಿಕೆ ಪರದೆಯ ಮೇಲೆ ನಾಲ್ಕು ಅಂಕಿಗಳಾಗಿ ಕಾಣುತ್ತಿತ್ತು. ಹಳೇ ಮಷೀನಿನಲ್ಲಿ ಕರೆಂಟ್ ಏರಿಸುತ್ತಿದ್ದ ರೂಢಿಯಲ್ಲೇ ಅವನು ಒಂದು ಅಂಕಿಯನ್ನು ಚೂರು ಏರಿಸಿದ. ರೋಬೋಟ್ ಕೆಂಪು ದೀಪ ಹಾಕಿಕೊಂಡು ನಿಂತೇಬಿಟ್ಟಿತು.

ಇಂಜಿನಿಯರ್ ಸ್ಫೂರ್ತಿ ಓಡಿ ಬಂದಳು. "ಒಂದನ್ನೇ ಮುಟ್ಟೋ ಹಾಗಿಲ್ಲ ಅಣ್ಣ, ನಾಲ್ಕೂ ಒಟ್ಟಿಗೆ ಬದಲಾಗ್ಬೇಕು. ನಾಲ್ಕೂ ಸೇರಿ ಒಂದೇ ಸಂಖ್ಯೆ, ನೂರೆಂಬತ್ತು ವರ್ಷದ ಹಿಂದೆ ಐರ್ಲೆಂಡಲ್ಲಿ ಕಂಡುಹಿಡಿದದ್ದು. ಒಂದು ತಿರುವಿಗೆ ಇನ್ನೊಂದು ಸೇರಿಸೋಕೆ ಇಂಥ ಸಂಖ್ಯೆಗಳನ್ನ ಗುಣಿಸ್ತಾರೆ, ಗುಣಿಸೋ ಕ್ರಮ ಹಿಂದುಮುಂದಾದ್ರೆ ಉತ್ತರಾನೇ ಬೇರೆ."

"ಅದು ಖರೇ ಐತ್ರೀ," ಎಂದ ಅವನು. "ಮೊದಲ ವಾಲಿಸಿ ಆಮ್ಯಾಲ ತಿರುವೋದ ಬ್ಯಾರೆ, ತಿರುವಿ ವಾಲಿಸೋದ ಬ್ಯಾರೆ."

ಕಾಲೇಜಿನಲ್ಲಿ ಅವಳಿಗೆ ಇಷ್ಟು ತಲೆಗೆ ಹತ್ತಲು ಒಂದು ಸೆಮಿಸ್ಟರ್ ಹಿಡಿದಿತ್ತು.

ಅವನು ಬರಿಗೈಯನ್ನು ಬೆಸುಗೆಯ ಜಾಗಕ್ಕೆ ವಾಲಿಸಿ ಹಿಡಿದ. "ಹಿಂಗ ಬೇಕ್ರೀ. ಇದರ ನಾಲ್ಕ ಅಂಕಿ ಹೇಳ್ರಿ, ಒತ್ತತೇನಿ."

ಅವಳಿಗೂ ಗೊತ್ತಿರಲಿಲ್ಲ. "ರೋಬೋಟ್ ಕಂಪನಿಗೆ ಮೇಲ್ ಹಾಕ್ತೀನಿ ಅಣ್ಣ," ಎಂದು ಹೊರಟಳು.

ಯಮನೂರಪ್ಪ ಕೈ ಇಳಿಸಲಿಲ್ಲ. ಆ ವಾಲಿಕೆ ಬೇರೆಲ್ಲೂ ಬರೆದಿರಲಿಲ್ಲ.