ಮಂಜು ಮುರಿಯದ ಹಡಗು

ದಕ್ಷಿಣ ಧ್ರುವದ ಕಡಲಲ್ಲಿ ಮಂಜುಗಡ್ಡೆಗೆ ಸಿಕ್ಕಿ ಮುಳುಗಿದ ಹಳೆಯ ಹಡಗಿನ ಚಿತ್ರ ಇವತ್ತು ಮೊಬೈಲಿನಲ್ಲಿ ಮತ್ತೆ ಕಂಡಿತು. ಕಡಲ ತಳದಲ್ಲಿ ಅದರ ಮರ ಕೊಳೆಯದೆ ಹಾಗೇ ಇದೆ. ನನಗೆ ಬಾಲ್ಯದಲ್ಲಿ ನಾವಿದ್ದ ಕೊಲ್ಲಿ ದೇಶದ ಹಮ್ದಾನ್ ಸ್ಟ್ರೀಟಿನ ಫ್ಲ್ಯಾಟಿನ ಫ್ರೀಜರ್ ನೆನಪಾಯಿತು.

ಆ ಹಡಗಿನ ಕಥೆ ಓದಿದ ಹುಮ್ಮಸ್ಸಿನಲ್ಲಿ ನನ್ನ ಮರದ ಆಟಿಕೆ ಹಡಗನ್ನು ನೀರಿನ ಬೋಗುಣಿಯಲ್ಲಿಟ್ಟು ಬಂಗುಡೆ ಮೀನಿನ ಪೊಟ್ಟಣದ ಹಿಂದೆ ತಳ್ಳಿದ್ದೆ. ಅದು ಫ್ರೀಜರಿನ ಗೋಡೆಗೇ ಹೆಪ್ಪುಗಟ್ಟಿತು. ಅಮ್ಮ ಚೂರಿ ತಂದರು.

"ಚೂರಿ ಹಾಕ್ಬೇಡ ಮಾರಾಯ್ತಿ, ಗ್ಯಾಸ್ ಹೋದ್ರೆ ಫ್ರಿಜ್ಜೇ ಖಲಾಸ್!" ಎಂದರು ಅಪ್ಪ.

ಶುಕ್ರವಾರ ಫ್ರಿಜ್ ಆಫ್ ಮಾಡಿ, ನೆಲಕ್ಕೆ ಪೇಪರ್ ಹಾಸಿ, ಒಳಗಿದ್ದ ಐಸ್‌ಕ್ರೀಂ ಕರಗುವ ಮೊದಲೇ ತಿನ್ನುತ್ತ ಎಲ್ಲರೂ ಕಾದು ಕೂತೆವು. ಹಡಗು ಒಂದು ಗೀರೂ ಇಲ್ಲದೆ ಹೊರಬಂತು. ಒಣಗಲೆಂದು ಅಮ್ಮ ಅದನ್ನು ಬಾಲ್ಕನಿಯ ಬಿಸಿಲಿಗಿಟ್ಟರು. ಸಂಜೆಯೊಳಗೆ ಅದು ಉದ್ದಕ್ಕೂ ಸೀಳಿಹೋಯಿತು.

"ಐಸಿನ ಕೈಯಲ್ಲಿ ಆಗದ್ದನ್ನು ನಿನ್ನ ಬಿಸಿಲು ಮಾಡಿತು ನೋಡು," ಎಂದು ಅಪ್ಪ ಅಮ್ಮನನ್ನು ಕೆಣಕಿದರು. ನಾನು ಅಳುವ ಮೊದಲೇ ಕೊನೆಯ ಕಪ್ ಐಸ್‌ಕ್ರೀಂ ನನ್ನ ಕೈಗೆ ಬಂತು.

ಇವತ್ತಿನ ಚಿತ್ರದ ಕೆಳಗೆ ಯಾರೋ ಕೇಳಿದ್ದಾರೆ: "ಮೇಲೆತ್ತಿ ಒಂದು ಶಾಪಿಂಗ್ ಮಾಲಿನಲ್ಲಿ ಇಡಬಹುದಲ್ಲ?"

ಸ್ವಾಮೀ, ಅದನ್ನು ಇಷ್ಟು ವರ್ಷ ಕಾಪಾಡಿದ್ದೇ ಆ ತಣ್ಣೀರು. ನಿಮ್ಮ ಸೆಲ್ಫಿಗಾಗಿ ಅದು ಒಣಗಿ ಸಾಯಬೇಕೇ? ಅಲ್ಲೇ ಇರಲಿ ಬಿಡಿ.