ವಿಶ್ವಸುಂದರಿ ಹೇಳಿದ್ದು, ಕಾಕು ಹೇಳಿದ್ದು

ಕಳೆದ ತಿಂಗಳು ಒಂದು ಶನಿವಾರ ಮಧ್ಯಾಹ್ನ, ರಜೆಯ ದಿನವೂ ಆಫೀಸಿಗೆ ಕರೆಸಿಕೊಂಡರಲ್ಲ ಎಂಬ ಸಿಟ್ಟಿನಲ್ಲಿ ಮೆಲ್ಬರ್ನಿನ ಡಾಕ್‌ಲ್ಯಾಂಡ್ಸ್‌ನಿಂದ ಟ್ರಾಮ್ ಹತ್ತಿದೆ. ಮುಂದಿನ ಸ್ಟಾಪಿನಲ್ಲಿ ಆರೇಳು ಹುಡುಗಿಯರು ಕಿಲಕಿಲ ನಗುತ್ತ ಹತ್ತಿದರು. ಅವರಲ್ಲೊಬ್ಬಳು ತಲೆಗೆ ಪ್ಲಾಸ್ಟಿಕ್ ಕಿರೀಟ ಇಟ್ಟುಕೊಂಡು, ಹೆಗಲಿಂದ ಸೊಂಟದವರೆಗೆ ಗುಲಾಬಿ ಬಣ್ಣದ ಸ್ಯಾಟಿನ್ ಪಟ್ಟಿ ಹಾಕಿಕೊಂಡಿದ್ದಳು. ಮುಂದಿನ ವಾರ ಅವಳ ಮದುವೆಯಂತೆ. ಅವಳು ನನ್ನ ಎದುರಿಗೇ ಕೂತಳು. ನಾನು ಯೋಚನೆಯೇ ಇಲ್ಲದೆ ಮುಂದಕ್ಕೆ ಬಾಗಿ ಆ ಪಟ್ಟಿಯ ಮೇಲಿನ ಅಕ್ಷರ ಓದತೊಡಗಿದೆ. ಹುಡುಗಿ ಪಾಪ, ಪಟ್ಟಿಯ ಸುಕ್ಕು ಬಿಡಿಸಿ ತೋರಿಸಿದಳು: ಬ್ರೈಡ್ ಟು ಬಿ.

"ಸಾರಿ, ಯಾವ ದೇಶ ಅಂತ ನೋಡ್ತಾ ಇದ್ದೆ" ಎಂದು ಇಂಗ್ಲಿಷಿನಲ್ಲಿ ಒದರಿಬಿಟ್ಟೆ. ಇಡೀ ಗುಂಪು ನಕ್ಕಿತು. "ಅವಳು ಫ್ರಾಂಕ್‌ಸ್ಟನ್‌ನವಳು, ಅದೂ ಬೇರೆ ದೇಶವೇ" ಎಂದಳು ಒಬ್ಬಳು, ಊರಿನ ದೂರದ ತುದಿಯಲ್ಲಿರುವ ಆ ಬಡಾವಣೆಯನ್ನು ಛೇಡಿಸುತ್ತ. ನನ್ನ ಸಿಟ್ಟು ಆ ಟ್ರಾಮಿನಲ್ಲೇ ಇಳಿದುಹೋಯಿತು.

ನೀವೂ ನಗುತ್ತಿದ್ದೀರಿ, ನಗಿ. ಆದರೆ ಇದು ನನ್ನ ತಪ್ಪಲ್ಲ, ಬಾಲ್ಯದಲ್ಲಿ ಹತ್ತಿದ ಚಟ. ತೊಂಬತ್ತರ ದಶಕ ನಿಮಗೆ ನೆನಪಿರಬಹುದು. ನಮ್ಮ ದೇಶದ ಹುಡುಗಿಯರು ಒಬ್ಬರಾದ ಮೇಲೆ ಒಬ್ಬರು ವಿಶ್ವಸುಂದರಿ, ಭುವನಸುಂದರಿ ಎಂದು ಕಿರೀಟ ಹೊತ್ತು ತರುತ್ತಿದ್ದ ಕಾಲ. ಹುಬ್ಬಳ್ಳಿಯ ನಮ್ಮ ಮನೆಯಲ್ಲಿ ಕ್ರಿಕೆಟ್ ನೋಡುವುದು ಗಂಡಸರ ಪಾಲು, ಸುಂದರಿಯರನ್ನು ನೋಡುವುದು ಹೆಂಗಸರ ಪಾಲು. ಅಮೆರಿಕದ ಕಡೆ ನಡೆಯುವ ಸ್ಪರ್ಧೆ ನಮ್ಮಲ್ಲಿ ಬೆಳಗಿನ ಹೊತ್ತಿಗೆ ಬರುತ್ತಿತ್ತು. ಅಪ್ಪ ಮತ್ತು ಅಪ್ಪನ ತಮ್ಮ ಕಾಕಾ ಅಂಗಡಿಗೆ ಹೋದ ಕೂಡಲೇ ಆಯಿ, ಅಂದರೆ ನನ್ನ ಅಪ್ಪನ ತಾಯಿ, ಟೀವಿಯ ಮುಂದೆ ಗೋಡೆಗೆ ಒರಗಿ ಕೂರುತ್ತಿದ್ದಳು. ಓಣಿಯ ನಾಲ್ಕಾರು ಹೆಂಗಸರು ಬಂದು ಸೇರುತ್ತಿದ್ದರು.

ಪಟ್ಟಿ ಓದುವ ಕೆಲಸ ನನ್ನದು. ಆ ಮನೆಯ ಹೆಂಗಸರಲ್ಲಿ ಇಂಗ್ಲಿಷ್ ಅಕ್ಷರ ಬರುತ್ತಿದ್ದದ್ದು ನನಗೊಬ್ಬಳಿಗೇ. ಅದೂ ಅಕ್ಷರ ಮಾತ್ರ, ಟೀವಿಯಲ್ಲಿ ಅವರು ಸರಸರ ಆಡುವ ಮಾತು ನನಗೂ ತಿಳಿಯುತ್ತಿರಲಿಲ್ಲ. ಜಗತ್ತಿನ ಭೂಗೋಳವನ್ನು ನಾನು ಕಲಿತದ್ದು ಸುಂದರಿಯರ ಎದೆಯ ಮೇಲಿನ ಪಟ್ಟಿಯಿಂದ ಎಂದರೆ ನಂಬಿ. ಆಸ್ಟ್ರಿಯಾ ಮತ್ತು ಆಸ್ಟ್ರೇಲಿಯಾ ಎರಡನ್ನೂ ನಾನು ಒಂದೇ ಸಮ ಓದುತ್ತಿದ್ದೆ. "ಅಕ್ಕ ತಂಗೀ ಇರಬೇಕ" ಎಂದು ಆಯಿ ತೀರ್ಮಾನಿಸಿದ್ದಳು. ಮುಂದೊಂದು ದಿನ ಈ ತಂಗಿಯ ಮನೆಗೇ ಬಂದು ಕ್ಲೈಡ್ ನಾರ್ತ್‌ನಲ್ಲಿ ಮಾರ್ಟ್‌ಗೇಜ್ ಕಟ್ಟುತ್ತ ಕೂರುತ್ತೇನೆಂದು ಆಗ ಯಾರಿಗೆ ಗೊತ್ತಿತ್ತು?

ಓದುವುದು ನನ್ನ ಕೆಲಸವಾದರೆ, ಸುಂದರಿಯರು ಆಡಿದ ಮಾತನ್ನು ಕನ್ನಡಕ್ಕೆ ತಂದು ಹೇಳುವುದು ಕಾಕುವಿನ ಕೆಲಸ. ಕಾಕು ಎಂದರೆ ನನ್ನ ಕಾಕಾನ ಹೆಂಡತಿ, ಮನೆಯ ಕಿರಿಯ ಸೊಸೆ. ಅತ್ತೆಯ ಎದುರು ತಲೆಯ ಸೆರಗು ಜಾರಿಸದ, ಎದುರು ಮಾತಾಡದ ಕಾಕು ಆ ಎರಡು ಗಂಟೆ ಮಾತ್ರ ಬಾಯಿ ತುಂಬ ಮಾತಾಡುತ್ತಿದ್ದಳು. ಆಕೆ ಓದಿದ್ದು ಕನ್ನಡ ಸಾಲೆಯಲ್ಲಿ ಏಳನೇ ಇಯತ್ತೆ. ಇಂಗ್ಲಿಷ್ ಎಲ್ಲಿಂದ ಬಂತು ಎಂದು ನಾವ್ಯಾರೂ ಕೇಳಲಿಲ್ಲ. ಅಷ್ಟು ಸಲೀಸಾಗಿ ಹೇಳುತ್ತಿದ್ದಳು, ಕೇಳಬೇಕೆಂದು ಹೊಳೆಯುತ್ತಲೂ ಇರಲಿಲ್ಲ.

ಆ ಸ್ಪರ್ಧೆಗಳಲ್ಲಿ ಏನು ಕೇಳಿದರೂ ಉತ್ತರ ಕೊನೆಗೆ ಬಂದು ನಿಲ್ಲುವುದು ಜಗತ್ತಿನ ಶಾಂತಿಗೇ. ವೆನೆಜುವೆಲಾದ ಹುಡುಗಿ ಒಮ್ಮೆ ಎದೆಯ ಮೇಲೆ ಕೈಯಿಟ್ಟು ಅದನ್ನೇ ಹೇಳಿದಾಗ ಆಯಿ ಕೇಳಿದಳು, "ಏನಂತಾಳ ಆಕಿ?"

"ಶಾಂತಿ ಬೇಕಂತಾಳ್ರೀ ಅತ್ತ್ಯಾರ" ಎಂದಳು ಕಾಕು. "ಮನ್ಯಾಗ ಮಿಕ್ಸರ್ ಇದ್ರ ಹೆಣಮಕ್ಕಳ ರಟ್ಟಿ ನೋಯಂಗಿಲ್ಲಂತ. ರಟ್ಟಿ ನೋಯಲಿಲ್ಲಂದ್ರ ಸಿಟ್ಟ ಬರಂಗಿಲ್ಲಂತ. ಸಿಟ್ಟ ಬರಲಿಲ್ಲಂದ್ರ ಎಲ್ಲಾ ಕಡೆ ಶಾಂತೀನ ಅಂತ್ರೀ."

ಆಯಿ "ಖರೇನ ಐತಿ ಬಿಡು" ಎಂದಳು. ದೀಪಾವಳಿಗೆ ಮಿಕ್ಸರ್ ಬಂತು. ಇನ್ನೊಂದು ವರ್ಷ ಕೊಲಂಬಿಯಾದವಳು, ಸೊಸೆಯಂದಿರನ್ನು ಪಂಚಮಿ ಹಬ್ಬಕ್ಕೆ ತವರಿಗೆ ಕಳಿಸುವ ದೇಶವೇ ಮುಂದೆ ಬರುತ್ತದೆ ಎಂದು ಹೇಳಿದಳಂತೆ. ಆ ವರ್ಷ ನನ್ನ ಅವ್ವ ಮತ್ತು ಕಾಕು ಇಬ್ಬರೂ ಹದಿನೈದು ದಿನ ತವರಿಗೆ ಹೋಗಿ ಜೋಕಾಲಿ ಜೀಕಿ ಬಂದರು. ಸ್ಪರ್ಧೆ ಬೆಂಗಳೂರಿಗೇ ಬಂದು, ಅದರ ವಿರುದ್ಧ ಜನ ಬೀದಿಗಿಳಿದಾಗ ಓಣಿಯ ಒಬ್ಬ ಮಾಸ್ತರರು ಆಯಿಯ ಅಭಿಪ್ರಾಯ ಕೇಳಿದ್ದರು. "ನಮ್ಮ ಮನ್ಯಾಗಂತೂ ಅದರಿಂದ ಭಾಳ ಚೊಲೋ ಆಗೇತ್ರಿ" ಎಂದಿದ್ದಳು ಆಯಿ.

ಈಗ ನನ್ನ ಕತೆಗೆ ಬರುತ್ತೇನೆ. ಪಿಯುಸಿ ಮುಗಿದು ನನಗೆ ಮಂಗಳೂರಿನ ಕಡೆ ಎಂಜಿನಿಯರಿಂಗ್ ಸೀಟು ಸಿಕ್ಕಿತು. ಹಾಸ್ಟೆಲ್ಲಿನಲ್ಲಿರಬೇಕು. ಆಯಿ ಒಂದೇ ಮಾತಿಗೆ ಬಾಗಿಲು ಹಾಕಿಬಿಟ್ಟಳು: "ಹೆಣ್ಣ ಹುಡುಗಿ, ಹಾಸ್ಟೆಲ್ಲಿನ್ಯಾಗ? ಆಗಂಗಿಲ್ಲ." ಅಪ್ಪ ತಾಯಿಯ ಮಾತು ಮೀರುವವನಲ್ಲ. ಅವ್ವ ಹಿರಿಯ ಸೊಸೆ, ಕಣ್ಣೀರು ಹಾಕಬಲ್ಲಳೇ ಹೊರತು ಮಾತಾಡಲಾರಳು. ಗದಗಿನ ಒಂದು ಸಂಬಂಧದ ಮಾತೂ ಶುರುವಾಗಿತ್ತು. ಸೋಮವಾರದೊಳಗೆ ಹೋಗಿ ಸೇರದಿದ್ದರೆ ಸೀಟು ಇನ್ನೊಬ್ಬರ ಪಾಲು. ನಾನು ಎರಡು ದಿನ ಉಣ್ಣಲಿಲ್ಲ. ಮೂರನೆಯ ದಿನ ಹಸಿವು ತಡೆಯಲಾರದೆ ಉಂಡೆ ಎನ್ನುವುದನ್ನೂ ಹೇಳಿಬಿಡುತ್ತೇನೆ, ನಿಮ್ಮ ಹತ್ತಿರ ಮುಚ್ಚುಮರೆ ಏಕೆ?

ಆ ವಾರವೇ ಒಂದು ಸ್ಪರ್ಧೆ ಬಂತು. ನಮ್ಮ ದೇಶದ ಹುಡುಗಿ ಕೊನೆಯ ಐವರಲ್ಲಿ ಬಂದಿದ್ದಳು. ನನಗೆ ಪಟ್ಟಿ ಓದುವ ಉತ್ಸಾಹವಿರಲಿಲ್ಲ, ಮೂಲೆಯಲ್ಲಿ ಮುಖ ಊದಿಸಿಕೊಂಡು ಕೂತಿದ್ದೆ. ಅವಳಿಗೆ ಏನೋ ಪ್ರಶ್ನೆ ಕೇಳಿದರು, ಅವಳು ನಕ್ಕು ಏನೋ ಹೇಳಿದಳು. ಸಭೆ ಚಪ್ಪಾಳೆ ತಟ್ಟಿತು.

"ಏನ ಕೇಳಿದ್ರ?" ಎಂದಳು ಆಯಿ.

"ನೀ ಇಲ್ಲೀಮಟ ಹೆಂಗ ಬಂದಿ ಅಂತ ಕೇಳಿದ್ರು ನೋಡ್ರೀ. ನಮ್ಮ ಆಯಿ ನನ್ನ ಹಾಸ್ಟೆಲ್ಲಿಗೆ ಕಳಸಿದ್ಲು, ಅದಕ್ಕ ಬಂದೆ ಅಂದ್ಲು. ಮನ್ಯಾಗ ಎಲ್ಲಾರೂ ಬ್ಯಾಡಂದ್ರಂತ್ರೀ. ಆಯಿ ಒಬ್ಬಾಕೀನ, ಹೋಗಿ ಬಾ ಮಗಳ, ನಾ ಅದೀನಿ ಅಂದ್ಲಂತ."

ಅಷ್ಟರಲ್ಲಿ ಕ್ಯಾಮೆರಾ ಸಭೆಯ ಕಡೆ ತಿರುಗಿ, ಮುತ್ತಿನ ಸರ ಹಾಕಿಕೊಂಡ ಒಬ್ಬ ಬಿಳಿಯ ಮುದುಕಿಯನ್ನು ತೋರಿಸಿತು.

"ಅಕೋ, ಆಕೀನ ನೋಡ್ರಿ ಅವರ ಆಯಿ" ಎಂದಳು ಕಾಕು.

"ಅಷ್ಟ ಬೆಳ್ಳಗದಾಳಲ್ಲ!"

"ಫಾರಿನ್ ಪೌಡರ್ ಹಚ್ಯಾಳ್ರೀ ಅತ್ತ್ಯಾರ."

ಆಯಿ ಸುಲಭಕ್ಕೆ ಸೋಲುವವಳಲ್ಲ. "ಚೆಂದ ಇದ್ದಾಕಿಗೆ ಓದ ಯಾಕ ಬೇಕ?" ಎಂದು ಪಟ್ಟು ಹಾಕಿದಳು. ಕಾಕು ಟೀವಿಯ ಮೇಲಿನ ಕಣ್ಣು ತೆಗೆಯದೆಯೇ ಹೇಳಿದಳು: "ನಮ್ಮ ದೇಶದಿಂದ ಎಲ್ಲಾರಕಿಂತ ಮೊದಲ ವಿಶ್ವಸುಂದರಿ ಆದಾಕಿ ಡಾಕ್ಟರ್ ಓದಾಕತ್ತಿದ್ಲಂತ್ರೀ. ಕಿರೀಟ ತಗದಿಟ್ಟು ಮತ್ತ ಓದಾಕ ಹೋಗಿ ಡಾಕ್ಟರ್ ಆದ್ಲಂತ." ನಮ್ಮ ಹುಡುಗಿ ಆ ದಿನ ಗೆಲ್ಲಲಿಲ್ಲ. ಕಿರೀಟ ಬೇರೆ ಯಾರದೋ ತಲೆಗೇರಿತು. ನನಗೆ ನನ್ನ ಸೀಟೇ ಹೋದಷ್ಟು ದುಃಖವಾಯಿತು. ಆಯಿ ಮೊಣಕಾಲಿಗೆ ಕೈಯೂರಿ ಎದ್ದು ನಿಂತು, "ಸೋತ್ರೂ ಅಲ್ಲೀಮಟ ಹೋದ್ಲಲ್ಲ" ಎಂದಳು. ಸಂಜೆ ಅಪ್ಪ ಬಂದಾಗ ಚಹಾದ ಕಪ್ಪು ಕೊಡುತ್ತ, ಮಳೆ ಬರಬಹುದು ಎನ್ನುವ ಧಾಟಿಯಲ್ಲಿ, "ಹುಡುಗಿನ್ನ ಹಾಸ್ಟೆಲ್ಲಿಗೆ ಬಿಟ್ಟ ಬಾ" ಎಂದುಬಿಟ್ಟಳು.

ಹೀಗೆ ನಾನು ಓದಿದೆ, ಕೆಲಸಕ್ಕೆ ಸೇರಿದೆ, ಮದುವೆಯಾಗಿ ಮೆಲ್ಬರ್ನಿಗೆ ಬಂದೆ. ನನ್ನ ಬದುಕಿನ ಬಾಗಿಲು ತೆಗೆದವಳು ಆ ಸೋತ ಸುಂದರಿ ಎಂದು ಮೂವತ್ತು ವರ್ಷ ನಂಬಿಕೊಂಡೇ ಬಂದೆ. ಸಭೆಗಳಲ್ಲಿ ಸೌಂದರ್ಯ ಸ್ಪರ್ಧೆ ಹೆಣ್ಣಿಗೆ ಅವಮಾನ ಎಂದು ಎಲ್ಲರ ಜೊತೆ ಗಂಭೀರವಾಗಿ ತಲೆಯಾಡಿಸುವವಳೂ ನಾನೇ. ಆದರೂ ನಮ್ಮ ಬ್ಯಾಂಕಿನ ಮಹಿಳಾ ದಿನದ ಭಾಷಣದಲ್ಲಿ ಆ ಹುಡುಗಿಯ ಉತ್ತರವನ್ನು, ಅಜ್ಜಿ ಮತ್ತು ಹಾಸ್ಟೆಲ್ ಸಮೇತ, ಹೇಳಿ ಚಪ್ಪಾಳೆ ಗಿಟ್ಟಿಸಿದ್ದೇನೆ. ಮುಂದಿನ ಸಾಲಿನಲ್ಲಿ ಇಬ್ಬರು ಕಣ್ಣೊರೆಸಿಕೊಂಡಿದ್ದರು.

ಟ್ರಾಮಿನ ಪ್ರಸಂಗವನ್ನು ಸೋಮವಾರ ಊಟದ ಹೊತ್ತಿಗೆ ಮಾರಿಸೆಲ್‌ಗೆ ಹೇಳಿದೆ. ಮಾರಿಸೆಲ್ ನನ್ನ ಪಕ್ಕದ ಡೆಸ್ಕಿನವಳು, ಫಿಲಿಪ್ಪೀನ್ಸ್‌ನವಳು. ಅವರಿಗೆ ಈ ಸ್ಪರ್ಧೆಗಳೆಂದರೆ ನಮಗೆ ಕ್ರಿಕೆಟ್ ಇದ್ದ ಹಾಗೆ. ಯಾವ ವರ್ಷ ಯಾವ ದೇಶ ಎಷ್ಟನೆಯ ಸ್ಥಾನಕ್ಕೆ ಬಂತು ಎಂದು ಮಗ್ಗಿಯ ಹಾಗೆ ಒಪ್ಪಿಸುತ್ತಾಳೆ. ಮಾತಿಗೆ ಮಾತು ಬಂದು ಹಾಸ್ಟೆಲ್ಲಿನ ಉತ್ತರವನ್ನೂ ಹೇಳಿದೆ. ಅವಳು ಹುಬ್ಬು ಗಂಟಿಕ್ಕಿದಳು.

"ಆ ವರ್ಷದ್ದಾ? ಅವಳು ಹಾಗೆ ಹೇಳಲೇ ಇಲ್ಲ."

ಫೋನಿನಲ್ಲಿ ವಿಡಿಯೋ ಹುಡುಕಿ ಮುಂದಿಟ್ಟಳು. ಅದೇ ಹುಡುಗಿ, ಅದೇ ನಗು. ಪ್ರವಾಸ ಮಾಡಿದರೆ ಬೇರೆ ಬೇರೆ ಸಂಸ್ಕೃತಿಯ ಪರಿಚಯವಾಗುತ್ತದೆ, ಧನ್ಯವಾದ. ಅಷ್ಟೇ. ಅಜ್ಜಿ ಇಲ್ಲ, ಹಾಸ್ಟೆಲ್ ಇಲ್ಲ. ಮುತ್ತಿನ ಸರದ ಮುದುಕಿ ಮಾತ್ರ ಇದ್ದಳು, ಯಾರ ಅಜ್ಜಿಯೋ ಏನೋ. ನಾನು ಸಣ್ಣ ದನಿಯಲ್ಲಿ, ನಮ್ಮ ದೇಶದ ಮೊದಲ ವಿಶ್ವಸುಂದರಿ ಡಾಕ್ಟರ್ ಆದದ್ದಾದರೂ ನಿಜವೇ ಎಂದು ಕೇಳಿದೆ. "ಅದು ನಿಜ, ಯಾರಿಗೆ ಗೊತ್ತಿಲ್ಲ?" ಎಂದಳು ಮಾರಿಸೆಲ್. ನನಗೆ ನಗು ಬಂತು, ಏನೋ ಕಳೆದುಕೊಂಡಂತೆಯೂ ಆಯಿತು. ಹಾಗಾದರೆ ನನ್ನನ್ನು ಕಳಿಸಿದವರು ಯಾರು?

ಕಾಕು ಈಗ ಮಗ ಗಿರೀಶನ ಜೊತೆ ಸಿಡ್ನಿಯ ಕೆಲ್ಲಿವಿಲ್‌ನಲ್ಲಿದ್ದಾಳೆ. ಫೋನಿನಲ್ಲಿ ಕೇಳುವ ಮಾತಲ್ಲ ಎಂದು ಮುಂದಿನ ಶನಿವಾರವೇ ವಿಮಾನ ಹತ್ತಿದೆ. ಕಾಕು ಅಡುಗೆಮನೆಯಲ್ಲಿ ಮಂಡಕ್ಕಿ ಗಿರ್ಮಿಟ್ಟಿಗೆ ಈರುಳ್ಳಿ ಹೆಚ್ಚುತ್ತಿದ್ದಳು. ಗಿರೀಶನ ಮಗಳು ಇಶಾ ಅಡುಗೆಕಟ್ಟೆಗೆ ಮೊಣಕೈಯೂರಿ ಸ್ಟೂಲಿನ ಮೇಲೆ ಕೂತಿದ್ದಳು. ಹದಿಮೂರು ವರ್ಷ. ಕನ್ನಡ ತಿಳಿಯುತ್ತದೆ, ಉತ್ತರ ಮಾತ್ರ ಇಂಗ್ಲಿಷಿನಲ್ಲಿ.

"ಕಾಕು, ನಿನಗ ಅವಾಗ ಇಂಗ್ಲಿಷ್ ಬರ್ತಿತ್ತೇನು?" ಎಂದು ನೇರವಾಗಿ ಕೇಳಿದೆ.

ಕಾಕು ಚಾಕು ನಿಲ್ಲಿಸಿ ನನ್ನನ್ನೇ ನೋಡಿದಳು. ಆಮೇಲೆ ಅವಳ ಹೊಟ್ಟೆ ಕುಲುಕತೊಡಗಿತು. ನಕ್ಕು ನಕ್ಕು ಸೆರಗಿನಿಂದ ಕಣ್ಣೊರೆಸಿಕೊಂಡಳು. ಈರುಳ್ಳಿಯದೂ ಸ್ವಲ್ಪ ಇರಬಹುದು.

"ಇಂಗ್ಲಿಷ್ ಎಲ್ಲೀದ ಯವ್ವಾ! ನನಗ ಗೊತ್ತಿದ್ದಾಕಿ ನಿಮ್ಮ ಆಯಿ ಒಬ್ಬಾಕೀನ."

"ಹಂಗಾರ ಆ ಡಾಕ್ಟರ್ ಮಾತು?"

"ಅದು ಖರೇನ. ನಮ್ಮಪ್ಪ ಹಳೇ ವಾರಪತ್ರಿಕೆ ತರ್ತಿದ್ದ, ಅದರಾಗ ಓದಿದ್ದೆ. ನಾನೂ ಡಾಕ್ಟರ್ ಆಗ್ತೀನಿ ಅಂತ ಓಣಿ ತುಂಬ ಹೇಳ್ಕೋತ ತಿರುಗಿದ್ದೆ. ಅದ ವರ್ಷ ಸಾಲಿ ಬಿಡಿಸಿದ್ರು." ಈ ಮಾತನ್ನು ಅವಳು ಹೇಳಿದ ರೀತಿಯಲ್ಲಿ ದೂರಿನ ಒಂದು ಎಳೆಯೂ ಇರಲಿಲ್ಲ. "ಈಗ ಮಂಗಳವಾರ ಲೈಬ್ರರಿಯೊಳಗ ಇಂಗ್ಲಿಷ್ ಕ್ಲಾಸಿಗೆ ಹೊಂಟೀನಿ. ಮೊನ್ನೆ ಆ ಸುಂದರೇರ ಮಾತು ಕೇಳಿದೆ, ಎಲ್ಲಾ ತಿಳೀತು. ಏನೂ ಅನ್ನಂಗಿಲ್ಲಲ್ಲ ಅವ್ರು! ನಾನ ಎಷ್ಟ ಚೊಲೋ ಹೇಳ್ತಿದ್ದೆ."

ನಾವು ಮೂವರೂ ನಕ್ಕೆವು. ನಗು ನಿಂತ ಮೇಲೆ ನಾನು, "ಆಯಿಗೆ ಗೊತ್ತಾಗಿದ್ರ ಏನ್ ಮಾಡ್ತಿದ್ದಿ?" ಎಂದೆ.

"ಗೊತ್ತಿತ್ತು" ಎಂದಳು ಕಾಕು.

ನನ್ನ ಸೀಟಿನ ಆ ಬೆಳಿಗ್ಗೆ, ಓಣಿಯವರೆಲ್ಲ ಎದ್ದುಹೋದ ಮೇಲೆ, ಆಯಿ ಅಡುಗೆಮನೆಯ ಬಾಗಿಲಿಗೆ ಬಂದು ನಿಂತಳಂತೆ. "ಆ ಹುಡುಗಿ ಆಡಿದ್ದು ಎರಡ ಮಾತು, ನೀ ಹೇಳಿದ್ದು ಇಪ್ಪತ್ತು ಮಾತು" ಎಂದಳಂತೆ ಆಯಿ. "ಸೊಸಿ ಮಾತು ಕೇಳಿ ಹುಡುಗಿನ್ನ ಕಳಸಿದ್ಲು ಅಂತ ಜನಾ ಅಂದ್ರ ನನಗ ಸೇರಂಗಿಲ್ಲ. ಟೀವಿ ಮಾತು ಕೇಳಿದ್ಲು ಅಂದ್ರ ಅಡ್ಡಿಯಿಲ್ಲ. ಅಟ್ಟದ ಮ್ಯಾಲಿನ ಟ್ರಂಕ್ ಇಳಸು. ಅದರಾಗ ಜಿರಳಿ ಅದಾವೇನ ನೋಡು."

ಐವತ್ತರ ಹತ್ತಿರ ಬಂದವಳು ನಾನು, ಕೆಲ್ಲಿವಿಲ್‌ನ ಆ ಅಡುಗೆಮನೆಯಲ್ಲಿ ಹುಡುಗಿಯ ಹಾಗೆ ಬಿಕ್ಕಿ ಅತ್ತೆ. ದುಃಖಕ್ಕಲ್ಲ. ಒಬ್ಬರೊಡನೊಬ್ಬರು ಮನಸ್ಸು ಬಿಚ್ಚಿ ಮಾತಾಡಿದ್ದನ್ನೇ ನಾನು ಕಾಣದಿದ್ದ ಅತ್ತೆ ಸೊಸೆ ಇಬ್ಬರೂ ಸೇರಿ, ಯಾವ ದೇಶದಲ್ಲೋ ನಿಂತ ಸುಂದರಿಯ ಬಾಯಿಯಿಂದ ನನ್ನನ್ನು ಕಳಿಸಿಕೊಟ್ಟಿದ್ದರು ಎನ್ನುವ ಸಂತೋಷಕ್ಕೆ. ಕಾಕು ಗಿರ್ಮಿಟ್ಟಿನ ತಟ್ಟೆಯನ್ನು ನನ್ನ ಮುಂದೆ ನೂಕಿ, "ತಿನ್ನು, ಮೆತ್ತಗಾಗ್ತದ" ಎಂದಳು.

ಇಶಾ ಇಷ್ಟು ಹೊತ್ತು ಬಾಯಿ ತೆರೆದುಕೊಂಡು ಕೇಳುತ್ತಿದ್ದಳು. "ವೇಟ್, ಅಜ್ಜಿ. ಹೌ ಡಿಡ್ ಶೀ ಫೈಂಡ್ ಔಟ್? ಡಿಡ್ ಶೀ ಸ್ಪೀಕ್ ಇಂಗ್ಲಿಷ್?"

ನಾನು ಉತ್ತರ ಹೇಳಲು ಹೊರಟೆ. ಕಾಕು ಕೈಯೆತ್ತಿ ನನ್ನನ್ನು ತಡೆದಳು. ಇಲ್ಲವೆಂದು ತಲೆಯಲ್ಲಾಡಿಸಿ, ಬೆನ್ನು ನೆಟ್ಟಗೆ ಮಾಡಿ, ಸೆರಗು ಸರಿಪಡಿಸಿಕೊಂಡು, ಲೈಬ್ರರಿಯ ಕ್ಲಾಸಿನಲ್ಲಿ ಎದ್ದು ನಿಂತು ಹೇಳುವ ಹಾಗೆ ಒಂದೊಂದೇ ಪದ ಜೋಡಿಸಿ ಹೇಳಿದಳು:

"ಶೀ ನೋ ಇಂಗ್ಲಿಷ್. ಬಟ್ ಶೀ ನೋ ಮೀ."

ಇಂಗ್ಲಿಷಿನಲ್ಲಿ ಹುಟ್ಟಿ ಬೆಳೆದ ಹುಡುಗಿ, ತಿದ್ದುತ್ತಾಳೇನೋ ಎಂದುಕೊಂಡೆ. ಅವಳು ಸ್ಟೂಲಿನಿಂದ ಇಳಿದು ಹೋಗಿ ಅಜ್ಜಿಯ ಸೊಂಟ ತಬ್ಬಿಕೊಂಡಳು.