ಗ್ಯಾಲಕ್ಸಿ ಆಡಿಸಿದ ಅಕ್ಕೋರು

ಮೊನ್ನೆ ವಡಗಾವಿಯಲ್ಲಿ ಮಗಳ ಶಾಲೆಯ ಕ್ರೀಡಾಕೂಟಕ್ಕೆ ಹೋಗಿದ್ದೆ. ಮೈದಾನದಲ್ಲಿ ಆಗಷ್ಟೇ ಸುಣ್ಣದ ಪುಡಿ ಚೆಲ್ಲಿ ಗೆರೆ ಹಾಕಿದ್ದರು. ಒದ್ದೆ ಮಣ್ಣಿನ ಮೇಲೆ ಬಿದ್ದ ಸುಣ್ಣದ ಘಾಟು ಮೂಗಿಗೆ ಬಡಿದದ್ದೇ ತಡ, ಖಾನಾಪುರದ ಅಕ್ಕೋರು ಕಣ್ಣ ಮುಂದೆ ಬಂದು ನಿಂತರು... ಏಳನೇ ಇಯತ್ತೆಯಲ್ಲಿ ವಿಜ್ಞಾನ ಕಲಿಸಿದ ಟೀಚರು. ದಪ್ಪ ಕನ್ನಡಕ, ಅದಕ್ಕಿಂತ ದಪ್ಪ ದನಿ.

ಎರಡು ಸಾವಿರನೇ ಇಸವಿಯ ಆಸುಪಾಸು. ನಮ್ಮ ಕನ್ನಡ ಶಾಲೆಗೂ ಬಾಜೂಕಿನ ಮರಾಠಿ ಶಾಲೆಗೂ ಒಂದೇ ಮೈದಾನ. ಚೆಂಡಿಗಾಗಿ ಹುಡುಗರು ಬಡಿದಾಡಿದರೆಂದು ಆ ವರ್ಷ ಎರಡೂ ಕಡೆಯ ಹೆಡ್‌ಮಾಸ್ತರರು ಸೇರಿ ನಡುವೆ ಸುಣ್ಣದ ಗೆರೆ ಎಳೆಸಿದರು. ಯಾರೂ ದಾಟುವಂತಿರಲಿಲ್ಲ. ನನ್ನ ಜೀವದ ಗೆಳತಿ ಆ ಕಡೆಯವಳು. ಮನೆಗಳು ಗೋಡೆಗೆ ಗೋಡೆ ಹತ್ತಿದ್ದರೇನು, ಸಂಜೆಯಾದರೆ ಅವಳ ಕಂಕುಳಲ್ಲಿ ತಮ್ಮ, ನನ್ನ ಕಂಕುಳಲ್ಲಿ ಕೊಡ. ಆಡಲು ಸಿಗುತ್ತಿದ್ದದ್ದು ಶಾಲೆಯಲ್ಲಿ ಮಾತ್ರ. ಗೆರೆಯ ಈಚೆ ನಾನು ಮುಖ ಸಣ್ಣದು ಮಾಡಿಕೊಂಡು ನಿಲ್ಲುವುದನ್ನು ಅಕ್ಕೋರು ನೋಡಿದ್ದರು.

ಒಂದು ದಿನ ಪಾಠಕ್ಕೆಂದು ನಮ್ಮನ್ನೆಲ್ಲ ಮೈದಾನಕ್ಕೆ ಕರೆತಂದರು. ಕೈಯಲ್ಲಿ ಪೇಪರಿನಿಂದ ಕತ್ತರಿಸಿದ ಗ್ಯಾಲಕ್ಸಿಯ ಚಿತ್ರ: ನಡುವೆ ನೆಟ್ಟನೆಯ ಪಟ್ಟಿ, ಅದರ ಎರಡೂ ತುದಿಯಿಂದ ಹೊರಟ ಸುರುಳಿ ತೋಳುಗಳು, ಪಕ್ಕದಲ್ಲೊಂದು ಪುಟ್ಟ ಗ್ಯಾಲಕ್ಸಿ. ಎತ್ತರದ ಹುಡುಗಿಯರು ಕೈ ಕೈ ಹಿಡಿದು ಪಟ್ಟಿಯಾದರು. ಉಳಿದವರು ತುದಿಗಳಿಗೆ ಜೋತುಬಿದ್ದು ತೋಳುಗಳಾದೆವು. ಕಟ್ಟಕಡೆಯ ನಕ್ಷತ್ರ ನಾನು. ಎಲ್ಲರೂ ಸುತ್ತತೊಡಗಿದಾಗ ಓಡಲಾರದೆ ಎರಡು ಸಲ ಬಿದ್ದೆ.

“ಬಾಜೂಕಿನ ಗ್ಯಾಲಕ್ಸಿ ಇಲ್ಲದ ಈ ಪಾಠ ಆಗೂದಿಲ್ಲ,” ಎಂದ ಅಕ್ಕೋರು ಸೆರಗು ಸಿಗಿಸಿಕೊಂಡು ಗೆರೆ ದಾಟಿಯೇಬಿಟ್ಟರು. ಮರಾಠಿ ಶಾಲೆಯ ಟೀಚರನ್ನು ಕೇಳಿ ಅಲ್ಲಿನ ಇಡೀ ಏಳನೇ ಇಯತ್ತೆಯನ್ನು ಗೆರೆಯ ತನಕ ಕರೆತಂದರು. “ಹತ್ತರ ಬಂದ್ರ ಒಂದನ್ನೊಂದು ಎಳೀತಾವ. ತೋಳಿನ ತುದಿ ಹಿಗ್ಗಿ ಆ ಕಡಿ ಹೋಗತೈತಿ. ಹಾಂ, ಎಳೀರಿ!”

ಗೆಳತಿ ನನ್ನ ಕೈ ಹಿಡಿದು ಎಳೆದಳು. ನಾನು ಗೆರೆಯಾಚೆ ಹೋಗಿಬಿಟ್ಟೆ! ಗಂಟೆ ಬಾರಿಸುವಷ್ಟರಲ್ಲಿ ಯಾರು ಯಾವ ಶಾಲೆಯವರೆಂದು ತಿಳಿಯದಷ್ಟು ಕಲಸುಮೇಲೋಗರ.

ನಮ್ಮ ಹೆಡ್‌ಮಾಸ್ತರರು ಕೆಂಡಾಮಂಡಲವಾಗಿ ಬಂದರು. “ಏನ್ರಿ ಅಕ್ಕೋರ, ಏನಿದು ಗದ್ದಲಾ?”

“ಪಾಠ ನಡದೈತ್ರಿ ಸರ. ಗ್ಯಾಲಕ್ಸಿ ಅಂದ್ರ ಲಗೂನ ಮುಗಿಯೂದಲ್ರಿ, ಕೋಟಿಗಟ್ಲೆ ವರ್ಷ ಹಿಡೀತೈತಿ,” ಎಂದರು ಅಕ್ಕೋರು. ಮುಖದಲ್ಲಿ ನಗುವಿನ ಸುಳಿವೂ ಇರಲಿಲ್ಲ.

ಪುಸ್ತಕದಲ್ಲಿ ಅರ್ಧ ಪುಟವೂ ಇಲ್ಲದ ಆ ಪಾಠ ಪರೀಕ್ಷೆಯ ತನಕ ನಡೆಯಿತು. ಬೆಳಕು, ವಿದ್ಯುತ್ತು ಎಲ್ಲ ಗಡಿಬಿಡಿಯಲ್ಲಿ ಮುಗಿದವು. ನಮ್ಮ ಕಾಲ್ತುಳಿತಕ್ಕೆ ಗೆರೆ ಅಳಿಸಿಹೋಯಿತು, ಮತ್ತೆ ಹಾಕಿಸುವ ಉಸಾಬರಿಗೆ ಯಾರೂ ಹೋಗಲಿಲ್ಲ. ಅದೆಲ್ಲ ನನ್ನೊಬ್ಬಳಿಗಾಗಿಯೇ ಮಾಡಿದರೆಂದು ಆಗ ನಂಬಿದ್ದೆ. ಈಗಲೂ ಸ್ವಲ್ಪ ನಂಬುತ್ತೇನೆ. ಎಷ್ಟು ಪ್ರೀತಿಯಿತ್ತು ನನಗೆ ಅವರ ಮೇಲೆ...

ಕ್ರೀಡಾಕೂಟದಿಂದ ಬಂದವಳೇ ಗೆಳತಿಗೆ ಫೋನ್ ಮಾಡಿದೆ. ಅವಳು ಈಗಲೂ ಖಾನಾಪುರದಲ್ಲೇ ಇದ್ದಾಳೆ. ಈ ಭಾನುವಾರ ಬರುತ್ತೇನೆ, ಅಕ್ಕೋರನ್ನು ನೋಡಿ ಬರೋಣ ಎಂದೆ.

“ನಿಂಗ ಯಾರೂ ಹೇಳಲಿಲ್ಲೇನು? ದೀಪಾವಳಿ ಮುಂದನ ಹೋಗಿಬಿಟ್ರು... ನಮ್ಮ ಅಕ್ಕೋರು.”

ಅವರ ತರಗತಿಯಲ್ಲಿ ಒಂದು ದಿನವೂ ಕೂತವಳಲ್ಲ ಅವಳು. ನನಗಿಂತ ಮೊದಲು ಅಳು ಬಂದದ್ದು ಅವಳಿಗೇ.